ಬಾಲವಾಗದ ಬಾಳೆಹಣ್ಣು

ಮೊದಲು ಒಂದು ಒಗಟು. ಬಿಡಿಸಿ ನೋಡೋಣ.

ಪಪ್ಪಾಯದ ಹೊಟ್ಟೆ, ಮೂಸಂಬಿ ತೊಳೆಯ ಕಿವಿ, ನೇರಳೆಹಣ್ಣಿನ ಮೂಗು. ಹುಟ್ಟೋದಕ್ಕೆ ಮುಂಚೆಯೇ ಬಾಲ ಕಳಕೊಂಡಿತು. ಯಾವ ಪ್ರಾಣಿ?

ಮೊಲ ಅಂದಿರಾ? ಅಲ್ಲ. ಕರಡಿ? ಅದೂ ಅಲ್ಲ. ಇನ್ನೂ ನೂರು ಹೆಸರು ಹೇಳಿ, ನೂರಕ್ಕೂ ಅಲ್ಲ ಅಂತೀನಿ. ಸಾಮಾನ್ಯವಾಗಿ ನಾನು ಹಾಕೋ ಒಗಟಿಗೆ ಉತ್ತರವೇ ಇರಲ್ಲ, ಎದುರಿಗಿರೋರು ತಲೆ ಕೆರಕೊಳ್ಳಲಿ ಅಂತ ಹಾಕ್ತೀನಿ. ಇದಕ್ಕೆ ಉತ್ತರ ಇದೆ. ಆದರೆ ಅದು ಗೊತ್ತಿರೋದು ಇಬ್ಬರಿಗೆ ಮಾತ್ರ, ಆ ಇಬ್ಬರಲ್ಲಿ ನಾನಿಲ್ಲ.

ಈ ಕಥೆ ಹಂಸಿಗೆ. ಹಂಸಿ ಅಂದರೆ ಹಂಸಿಕ, ನಾಲ್ಕೂವರೆ ವರ್ಷದ ಹುಡುಗಿ, ನಮ್ಮ ಮನೆ ಎದುರಿನ ಅಂಗನವಾಡಿಗೆ ಬರ್ತಾಳೆ. ಅವಳು ಶುಕ್ರವಾರದಿಂದ ಮೋಕ್ಷಿತ್ ಅನ್ನೋ ಹುಡುಗನ ಜೊತೆ ಟೂ ಬಿಟ್ಟಿದಾಳೆ. ನನ್ನ ಜೊತೆ ಮಾತ್ರ ಚೆನ್ನಾಗೇ ಇದಾಳೆ. ತೊಂದರೆ ಇರೋದೇ ಅಲ್ಲಿ. ಅವಳಿಗೆ ನಾನೊಂದು ಮಾತು ಹೇಳಬೇಕು, ಅದು ಗಂಟಲವರೆಗೆ ಬಂದು ಅಲ್ಲೇ ಕೂತುಬಿಡುತ್ತೆ. ಕಥೆಯಾದರೆ ಬಾಯಿಗೆ ಬರುತ್ತೆ. ಅದಕ್ಕೇ ಕಥೆ. ನೀವೂ ಕೂತ್ಕೊಳ್ಳಿ. ನಾಲ್ಕು ಜನ ಜೊತೆಗಿದ್ದರೆ ನನಗೂ ಧೈರ್ಯ.

ಆಗ ಪ್ರಪಂಚ ಹೊಸದು. ಎಷ್ಟು ಹೊಸದು ಅಂದರೆ, ಬೆಟ್ಟಗಳಿಗೆ ಇನ್ನೂ ನೆಟ್ಟಗೆ ಕೂರೋಕೆ ಬರ್ತಿರಲಿಲ್ಲ. ಹೊಳೆ ಪ್ರತಿದಿನ ಬೆಳಿಗ್ಗೆ ಎದ್ದು, ಇಳಿಜಾರು ಯಾವ ಕಡೆ ಅಂತ ಕೇಳಿಕೊಂಡು ಹರೀತಿತ್ತು.

ಗಿಡ ಇತ್ತು, ಮರ ಇತ್ತು, ಮರದ ತುಂಬ ಹಣ್ಣಿತ್ತು. ಮನುಷ್ಯರೂ ಇದ್ದರು. ಪ್ರಾಣಿ ಮಾತ್ರ ಒಂದೂ ಇರಲಿಲ್ಲ. ಇರುವೆಯೂ ಇಲ್ಲ, ಆನೆಯೂ ಇಲ್ಲ. ಕಾಡಿನಲ್ಲಿ ಎಲೆ ಬಿದ್ದರೆ ಬಿದ್ದ ಸದ್ದು ಅಷ್ಟೇ, ಹೆದರಿಕೊಂಡು ಓಡೋಕೆ ಯಾರೂ ಇಲ್ಲ.

ಅಮ್ಮಂದಿರು ಬೆಳಿಗ್ಗೆಯೇ ಗೆಡ್ಡೆ ಅಗೆಯೋಕೆ ದೂರ ಹೋಗ್ತಿದ್ದರು, ಹೊತ್ತು ಇಳಿದ ಮೇಲೆ ಬರ್ತಿದ್ದರು. ಅಲ್ಲಿಯವರೆಗೆ ಮಕ್ಕಳೆಲ್ಲ ಭೂಮಜ್ಜಿಯ ಅಂಗಳದಲ್ಲಿ. ಭೂಮಜ್ಜಿ ಅಂದರೆ ಈ ನೆಲಕ್ಕೇ ಅಜ್ಜಿ. ಅವಳ ಸೆರಗು ಎಲ್ಲಿ ಮುಗಿಯುತ್ತೆ, ಹೊಲ ಎಲ್ಲಿ ಶುರುವಾಗುತ್ತೆ ಅಂತ ಯಾರಿಗೂ ಗೊತ್ತಾಗ್ತಿರಲಿಲ್ಲ.

ಮಕ್ಕಳು ಅಂದರೆ ಗೊತ್ತಲ್ಲ. ಅಮ್ಮ ಯಾವಾಗ ಬರ್ತಾಳೆ, ಅಮ್ಮ ಯಾವಾಗ ಬರ್ತಾಳೆ. ಒಬ್ಬರು ಶುರು ಮಾಡಿದರೆ ಎಲ್ಲರೂ. ಕೇಳಿ ಕೇಳಿ ಭೂಮಜ್ಜಿಗೆ ಸಾಕಾಯಿತು. ಒಂದು ದಿನ ಬುಟ್ಟಿ ಬುಟ್ಟಿ ಹಣ್ಣು ತಂದು ಅಂಗಳಕ್ಕೆ ಸುರಿದಳು. ತೆಂಗಿನ ಗರಿ ಸಿಗಿದು ಕಡ್ಡಿ ಮಾಡಿಕೊಟ್ಟಳು.

"ಹಣ್ಣಿದೆ, ನಿಮಗೆ ಕೈಯಿದೆ. ಈ ಪ್ರಪಂಚದಲ್ಲಿ ಓಡಾಡೋಕೆ ಯಾರೂ ಇಲ್ಲ. ಯಾರ್ಯಾರು ಬೇಕೋ ನೀವೇ ಮಾಡಿಕೊಳ್ಳಿ."

ಹಣ್ಣುಗಳಿಗೂ ಖುಷಿ. ಆಗ ಹಣ್ಣು ಮಾತಾಡ್ತಿತ್ತು. ಕೊಯ್ದರೆ ನೋವಾಗ್ತಿರಲಿಲ್ಲ, ಕಚಗುಳಿ ಆಗ್ತಿತ್ತಂತೆ. ಕೊಯ್ದ ಚೂರೂ ಮಾತಾಡ್ತಿತ್ತು, ನಡೀತಿತ್ತು, ಬೇಕಾದರೆ ಉರುಳಿಕೊಂಡು ಹೋಗ್ತಿತ್ತು. ಎಷ್ಟು ದಿನ ಅಂತ ಕೊಂಬೆಯಲ್ಲೇ ನೇತಾಡೋದು? ಕಾಲು ಬಂದು ನಾಲ್ಕು ಊರು ನೋಡೋದು ಯಾವ ಹಣ್ಣಿಗೆ ಬೇಡ?

ಮಕ್ಕಳು ಮಾಡೋಕೆ ಕೂತರು. ಅರ್ಧ ಸೀತಾಫಲ ಬೋರಲು ಹಾಕಿ ಅಡಿಗೆ ನಾಲ್ಕು ದ್ರಾಕ್ಷಿ ಸಿಕ್ಕಿಸಿದರು. ಅನಾನಸನ್ನು ಅಡ್ಡ ಮಲಗಿಸಿ ಮೂತಿಗೆ ಒಂದು ಬಾರೆಹಣ್ಣು ಇಟ್ಟರು. ಹಸಿರು ದ್ರಾಕ್ಷಿಯನ್ನು ಒಂದರ ಹಿಂದೆ ಒಂದು ಕಡ್ಡಿಗೆ ಪೋಣಿಸಿದರು. ಎಳೇ ಕಲ್ಲಂಗಡಿಗೆ ಈ ಕಿವಿಯಿಂದ ಆ ಕಿವಿಯವರೆಗೆ ಬಾಯಿ ಕೊಯ್ದರು.

ಸಂಜೆ ಹೊತ್ತು ಇಳಿಯುವಾಗ ಗಾಳಿ ಬಂತು. ಗಾಳಿ ಆಗ ದಿನಕ್ಕೆ ಒಂದೇ ಸಲ ಬರ್ತಿತ್ತು, ಪ್ರಪಂಚಕ್ಕೆಲ್ಲ ಅದೊಂದೇ ಇದ್ದದ್ದು. ಮೊದಲ ಮಗುವಿನ ಮುಂದೆ ನಿಂತು ಕೇಳಿತು.

"ಕಣ್ಣಿದೆಯಾ?"

"ಇದೆ."

"ಕಿವಿ ಇದೆಯಾ?"

"ಇದೆ."

"ಕಾಲಿದೆಯಾ? ಬಾಲ ಇದೆಯಾ?"

"ಇದೆ, ಇದೆ."

"ಹಾಗಾದರೆ ಹೆಸರು ಹೇಳು."

ಮಗು ಗಾಳಿಯ ಕಿವಿಗೆ ಬಾಯಿಟ್ಟು ಪಿಸುಗುಟ್ಟಿತು: ಆಮೆ. ಗಾಳಿ ಸೀತಾಫಲದ ಮೇಲೆ ಉಫ್ ಅಂತ ಊದಿತು. ಸೀತಾಫಲ ಕತ್ತು ಹೊರಗೆ ಹಾಕಿ, ಎಲ್ಲರನ್ನೂ ಒಂದು ಸಲ ನೋಡಿ, ನಿಧಾನವಾಗಿ ಹೊಳೆ ಕಡೆ ನಡೆದುಕೊಂಡು ಹೋಯಿತು. ಆಮೆಯ ಬೆನ್ನು ನೋಡಿ, ಈಗಲೂ ಸೀತಾಫಲವೇ.

ಅನಾನಸ್ ಮುಳ್ಳುಹಂದಿ ಆಯಿತು. ದ್ರಾಕ್ಷಿ ಕಂಬಳಿಹುಳ ಆಯಿತು. ಕಲ್ಲಂಗಡಿ ಮಾಡಿದ ಹುಡುಗ ಮಾತ್ರ ಬಾಲ ಇಟ್ಟಿರಲಿಲ್ಲ. ಗಾಳಿ ಕೇಳಿದಾಗ, ಇದಕ್ಕೆ ಬಾಲ ಬೇಡ, ಇದು ಇರೋದೇ ಹೀಗೆ ಅಂದ. ಗಾಳಿ ಒಪ್ಪಿಕೊಂಡಿತು. ಮಾಡಿದವರು ಹೇಗೆ ಅಂದುಕೊಂಡಿದ್ದರೋ ಹಾಗಿದ್ದರೆ ಸಾಕು, ಒಂದೂ ಕಡಿಮೆ ಇರಬಾರದು, ಅಷ್ಟೇ. ಉಫ್ ಅಂತು. ಕಪ್ಪೆ ಹಾರಿ ಭೂಮಜ್ಜಿಯ ಮಡಿಲಲ್ಲಿ ಬಿತ್ತು.

ಒಂದು ನಿಯಮ ಇತ್ತು, ಅದನ್ನ ಮರೀಬೇಡಿ. ಬೆಳಿಗ್ಗೆ ಕೊಯ್ದ ಹಣ್ಣಿಗೆ ಅವತ್ತು ಸಂಜೆಯೇ ಗಾಳಿ ಊದಬೇಕು. ರಸ ಆರಿದರೆ ಮುಗೀತು. ಮರುದಿನ ಎಷ್ಟು ಊದಿದರೂ ಅದು ಹಣ್ಣಿನ ಚೂರೇ.

ಹೀಗೇ ದಿನಾ ನಡೀತು. ದಿನಾ ಹಣ್ಣು ಕೊಯ್ಯೋದು, ದಿನಾ ಗಾಳಿ ಬರೋದು, ದಿನಾ ನಾಲ್ಕೈದು ಪ್ರಾಣಿ ಎದ್ದು ಹೋಗೋದು. ಕಾಡಿನಲ್ಲಿ ಸದ್ದು ಶುರುವಾಯಿತು.

ಈಗ ಬಾಳೆಹಣ್ಣಿಗೆ ಬರೋಣ.

ಹಣ್ಣುಗಳಲ್ಲೆಲ್ಲ ಬಾಳೆಯಷ್ಟು ತಮಾಷೆಯವನು ಬೇರೆ ಯಾರೂ ಇರಲಿಲ್ಲ. ಬಾಳಣ್ಣ ಬಂದ ಅಂದರೆ ಎಲ್ಲರೂ ಮೊದಲೇ ಬಾಯಗಲ ಮಾಡಿಕೊಂಡು ಕೂರ್ತಿದ್ದರು. ಸಿಪ್ಪೆ ಕಳಚಿ ದಾರೀಲಿ ಹಾಸಿ ಬೇಲಿ ಹಿಂದೆ ನಿಲ್ತಿದ್ದ. ಒಂದು ಸಲ ಗಾಳಿಯೇ ಕಾಲಿಟ್ಟು ಜಾರಿ, ಗೆಡ್ಡೆ ಅಗೆಯೋ ಗುಡ್ಡದವರೆಗೆ ಹೋಗಿ ನಿಂತಿತು. ಅವತ್ತು ಭೂಮಜ್ಜಿಯೂ ಸೆರಗು ಬಾಯಿಗಿಟ್ಟುಕೊಂಡು ನಕ್ಕಳು.

ಹೊರಗೆ ಅಷ್ಟು ಕಿತಾಪತಿ, ಒಳಗೆ ಮಾತ್ರ ಹಾಲಿನಷ್ಟು ಬಿಳಿ. ಆಗ ಬಾಳೆಹಣ್ಣು ಕೊಯ್ದು ಮೂರು ದಿನ ಇಟ್ಟರೂ ಬಿಳಿಯಾಗೇ ಇರ್ತಿತ್ತು.

ಆ ಅಂಗಳದಲ್ಲಿ ಸಣ್ಣಿ ಅಂತ ಒಬ್ಬಳಿದ್ದಳು. ಎಲ್ಲರಿಗಿಂತ ಚಿಕ್ಕವಳು. ಅವಳ ಅಮ್ಮ ಎಲ್ಲರಿಗಿಂತ ದೂರದ ಗುಡ್ಡಕ್ಕೆ ಹೋಗ್ತಿದ್ದಳು, ಹಾಗಾಗಿ ಎಲ್ಲರ ಅಮ್ಮ ಬಂದಾದ ಮೇಲೆ ಬರ್ತಿದ್ದಳು. ಉಳಿದ ಮಕ್ಕಳು ಒಬ್ಬೊಬ್ಬರೇ ಹೋದಮೇಲೆ ಸಣ್ಣಿ ಅಂಗಳದ ಮೂಲೆಯ ಕಲ್ಲಿನ ಮೇಲೆ ಒಬ್ಬಳೇ ಕೂತಿರ್ತಿದ್ದಳು. ಅಳ್ತಿರಲಿಲ್ಲ. ಕಾಲು ಆಡಿಸಿಕೊಂಡು ದಾರಿ ನೋಡ್ತಿದ್ದಳು.

ಅವಳ ಕೈಯಲ್ಲಿ ಇನ್ನೂ ಒಂದು ಪ್ರಾಣಿಯೂ ಪೂರ್ತಿ ಆಗಿರಲಿಲ್ಲ. ಬೆರಳು ಚಿಕ್ಕವು, ಕಡ್ಡಿ ಚುಚ್ಚೋಕೆ ಹೋದರೆ ಹಣ್ಣೇ ಇಬ್ಭಾಗ. ಏಳು ದಿನ ಗಾಳಿ ಅವಳ ಮುಂದೆ ನಿಂತು, ಪಾಪ ಅಂತ ತಲೆ ನೇವರಿಸಿ ಮುಂದೆ ಹೋಗಿತ್ತು.

ಎಂಟನೇ ದಿನ ಸಣ್ಣಿ ಬೆಳಕು ಹರಿಯುವಾಗಲೇ ಬಂದು ಕೂತಳು. ಪಪ್ಪಾಯದ ಹತ್ತಿರ ಹೋಗಿ, ಹೊಟ್ಟೆ ಆಗ್ತೀಯಾ ಅಂತ ಕೇಳಿದಳು. ಆಗ್ತೀನಿ ಅಂತು. ಮೂಸಂಬಿಯ ಎರಡು ತೊಳೆಯನ್ನ ಕೇಳಿದಳು, ಕಿವಿ ಆಗ್ತೀರಾ ಅಂತ. ಅವೂ ಹೂಂ ಅಂದವು. ನೇರಳೆಯನ್ನ ಮೂಗಿಗೆ ಕೇಳಿದಳು. ಕೊನೆಗೆ ಬಾಳೆಯ ಹತ್ತಿರ ಬಂದಳು.

"ಬಾಳಣ್ಣ, ನೀನು ಬಾಲ ಆಗ್ತೀಯಾ?"

ಬಾಳೆ ಹುಬ್ಬು ಹಾರಿಸಿದ. ತಲೆ ಆಗು ಅಂದರೆ ಬರ್ತೀನಿ, ಬಾಲ ಅಂದರೆ ಏನು ಮರ್ಯಾದೆ, ಹಿಂದೆ ನೇತಾಡಿಕೊಂಡು ಇರೋದು, ಕೂತರೆ ಅಪ್ಪಚ್ಚಿ ಅಂದ. ಸುತ್ತ ಇದ್ದ ಹಣ್ಣೆಲ್ಲ ನಕ್ಕವು. ಸಣ್ಣಿ ನಗಲಿಲ್ಲ.

"ಇದರಲ್ಲಿ ಬಾಲಕ್ಕೇ ಜಾಸ್ತಿ ಕೆಲಸ" ಅಂದಳು. "ಇದು ಅಮ್ಮ ಬರೋತನಕ ಮಗು ಪಕ್ಕ ಕೂತಿರೋ ಪ್ರಾಣಿ. ಅಮ್ಮ ಇನ್ನೂ ಗುಡ್ಡದ ಆಚೆ ಇರುವಾಗಲೇ ಇದಕ್ಕೆ ಗೊತ್ತಾಗುತ್ತೆ. ಆಗ ಬಾಲ ಆಡಿಸುತ್ತೆ. ಬಾಲ ಆಡಿತು ಅಂದರೆ ಅಮ್ಮ ಬಂದಳು ಅಂತ."

ಬಾಳೆ ಹಾರಿಸಿದ್ದ ಹುಬ್ಬು ಇಳಿಸಿದ. ಆಮೇಲೆ, ಆಗಲಿ ಕಣೇ, ಬಾಲ ಆಗ್ತೀನಿ ಅಂದ. ನಿಜವಾಗಲೂ ಮನಸ್ಸಿನಿಂದಲೇ ಅಂದ. ಇದನ್ನ ಯಾಕೆ ಒತ್ತಿ ಹೇಳ್ತಿದೀನಿ ಅಂದರೆ, ಆಮೇಲೆ ಎಲ್ಲರೂ ಅವನು ಕೆಟ್ಟವನು ಅಂದುಕೊಳ್ತಾರೆ.

ಭೂಮಜ್ಜಿ ಬಾಳೆಯನ್ನ ಕೊಯ್ದುಕೊಟ್ಟಳು, ತುದಿ ಸ್ವಲ್ಪ ಮೇಲಕ್ಕೆ ಬಾಗಿರೋ ಚೂರು. ಸಣ್ಣಿ ನಾಲಿಗೆ ತುದಿ ಕಚ್ಚಿಕೊಂಡು ಕಡ್ಡಿ ಚುಚ್ಚಿದಳು. ಪಪ್ಪಾಯ ಒಡೆಯಲಿಲ್ಲ. ಕಿವಿ ನಿಂತಿತು. ಮೂಗು ನಿಂತಿತು. ಬಾಲ ನಿಂತಿತು. ಅಷ್ಟು ಚೆಂದದ ಪ್ರಾಣಿಯನ್ನ ಆ ಅಂಗಳ ಅದುವರೆಗೆ ನೋಡಿರಲಿಲ್ಲ. ಸಣ್ಣಿ ಅದನ್ನ ಮುಂದಿಟ್ಟುಕೊಂಡು, ಅದರ ಹೆಸರನ್ನ ಬಾಯೊಳಗೇ ಹೇಳಿಕೊಳ್ತಾ, ಗಾಳಿಗೆ ಕಾದು ಕೂತಳು.

ಹೊತ್ತು ಇಳಿಯಿತು. ಬಿದಿರು ಮೆಳೆ ಅಲುಗಿತು. ಗಾಳಿ ಬಂತು, ಗಾಳಿ ಬಂತು ಅಂತ ಮಕ್ಕಳೆಲ್ಲ ಆ ಕಡೆ ತಿರುಗಿದರು. ಸಣ್ಣಿಯೂ ತಿರುಗಿದಳು.

ಬಾಳೆಗೆ ಆಗ ಒಂದು ತಮಾಷೆ ಹೊಳೆಯಿತು.

ನಾನೀಗ ಮೆಲ್ಲಗೆ ಕಳಚಿಕೊಂಡು ಬಚ್ಚಿಟ್ಟುಕೊಂಡರೆ ಹೇಗೆ? ಗಾಳಿ ಬಂದು ಬಾಲ ಎಲ್ಲಿ ಅನ್ನುತ್ತೆ. ಸಣ್ಣಿ ಹಿಂದೆ ನೋಡ್ತಾಳೆ, ಮುಂದೆ ನೋಡ್ತಾಳೆ, ತನ್ನ ಸುತ್ತ ತಾನೇ ಗಿರಗಿರ ತಿರುಗ್ತಾಳೆ. ಎಲ್ಲರೂ ನಗ್ತಾರೆ. ಆಗ ನಾನು, ಇಲ್ಲಿದೀನಿ ಅಂತ ಎದ್ದು ಬರೋದು. ಇನ್ನೂ ನಗ್ತಾರೆ. ಸಣ್ಣಿಯೂ ನಗ್ತಾಳೆ.

ಅಷ್ಟೇ ಅವನು ಯೋಚಿಸಿದ್ದು. ಅದಕ್ಕಿಂತ ಮುಂದಕ್ಕೆ ಯೋಚಿಸಲಿಲ್ಲ. ಅದಕ್ಕಿಂತ ಮುಂದಕ್ಕೆ ಯಾವ ತಮಾಷೆಯವನೂ ಯೋಚಿಸಲ್ಲ, ಅದು ನನಗೆ ಚೆನ್ನಾಗಿ ಗೊತ್ತು.

ಬಾಳೆ ಕಡ್ಡಿಯಿಂದ ಜಾರಿ ಒರಳುಕಲ್ಲಿನ ಹಿಂದೆ ಅಡಗಿದ. ಬುಟ್ಟಿಯಲ್ಲಿದ್ದ ಸೇಬು ನೋಡಿತು, ಬದನೆಕಾಯಿಯೂ ನೋಡಿತು. ಬಾಳೆ ಬಾಯಿಗೆ ಬೆರಳಿಟ್ಟು ಕಣ್ಣು ಹೊಡೆದ. ಅವೆರಡೂ ಕಿಸಕ್ಕನೆ ನಕ್ಕು ಸುಮ್ಮನಾದವು.

ಗಾಳಿ ಸಣ್ಣಿಯ ಮುಂದೆ ಬಂದು ನಿಂತಿತು. ಪ್ರಾಣಿಯನ್ನ ನೋಡಿ ಅದಕ್ಕೂ ಸಂತೋಷ ಆಯಿತು.

"ಕಣ್ಣಿದೆಯಾ?"

"ಇದೆ."

"ಕಿವಿ ಇದೆಯಾ?"

"ಇದೆ."

"ಕಾಲಿದೆಯಾ? ಬಾಲ ಇದೆಯಾ?"

"ಇದೆ" ಅಂತ ಸಣ್ಣಿ ಕೈಯಿಟ್ಟು ತೋರಿಸೋಕೆ ಹೋದಳು. ಕೈಗೆ ಬರೀ ಕಡ್ಡಿ ಸಿಕ್ಕಿತು.

ಅವಳು ಹಿಂದೆ ನೋಡಿದಳು, ಮುಂದೆ ನೋಡಿದಳು. ಸುತ್ತ ಗಿರಗಿರ ತಿರುಗಿದಳು. ಬಾಳೆ ಅಂದುಕೊಂಡ ಹಾಗೇ ಎಲ್ಲ ಆಯಿತು. ಯಾರೂ ನಗಲಿಲ್ಲ, ಅದೊಂದೇ ವ್ಯತ್ಯಾಸ.

ಪಕ್ಕದ ಹುಡುಗ ಪಿಸುಗುಟ್ಟಿದ, ಬಾಲ ಬೇಡ ಅಂದುಬಿಡೇ, ನಾನು ಕಪ್ಪೆಗೆ ಅಂದೆನಲ್ಲ, ನಡೆಯುತ್ತೆ ಅಂತ. ಸಣ್ಣಿ ತಲೆ ಅಲ್ಲಾಡಿಸಿದಳು.

"ಬೇಕು" ಅಂದಳು. "ಬಾಲ ಇಲ್ಲದೇ ಇದ್ದರೆ ಅಮ್ಮ ಬಂದಿದ್ದು ಮಗುಗೆ ಹೇಗೆ ಗೊತ್ತಾಗುತ್ತೆ?"

ಗಾಳಿ ಒಂದು ಗಳಿಗೆ ಕಾಯಿತು. ಇನ್ನೊಂದು ಗಳಿಗೆ ಕಾಯಿತು. ಒರಳಿನ ಹಿಂದೆ ಬಾಳೆ, ಈಗ ಏಳಲಾ, ಇನ್ನೊಂಚೂರು ತಡೆಯಲಾ, ನಗು ಇನ್ನೂ ಬಂದಿಲ್ಲವಲ್ಲ ಅಂತ ಲೆಕ್ಕ ಹಾಕ್ತಾ ಕೂತಿದ್ದ. ನಗು ಬಂದಮೇಲೆ ಎದ್ದರೆ ತಮಾಷೆ, ಬರೋಕೆ ಮುಂಚೆ ಎದ್ದರೆ ಪೆದ್ದುತನ.

"ನಾಲ್ಕು ದಿಕ್ಕಿಗೂ ಹೋಗಬೇಕು ಮಗಾ, ಎಲ್ಲಾ ಕಡೆ ಮಕ್ಕಳು ಕಾಯ್ತಿದಾರೆ" ಅಂತು ಗಾಳಿ. ಅವಳ ತಲೆ ನೇವರಿಸಿತು. ಹೋಯಿತು.

ಆಗ ಬಾಳೆ ಎದ್ದು ನಿಂತ. ಒರಳಿನ ಮೇಲಿಂದ ಸಣ್ಣಿಯ ಮುಖ ಕಾಣಿಸಿತು. ಅವನು ಮತ್ತೆ ಕೂತುಬಿಟ್ಟ.

ಇಲ್ಲಿದೀನಿ ಅನ್ನೋ ಮಾತು ಅವನ ಬಾಯಲ್ಲೇ ಉಳಿಯಿತು.

ಬಾಲ ಕದ್ದದ್ದು ಯಾರು ಅಂತ ಅಂಗಳದಲ್ಲಿ ಗದ್ದಲ ಎದ್ದಿತು. ಹಿಂದಿನ ದಿನವಷ್ಟೇ ಹುಟ್ಟಿದ್ದ ಅಳಿಲು ಬೇಲಿಯ ಮೇಲೆ ಕೂತಿತ್ತು. ಅದರ ಎರಡೂ ಕೆನ್ನೆ ಉಬ್ಬಿಕೊಂಡಿತ್ತು. ಬಾಯಲ್ಲಿ ಇದ್ದದ್ದು ಕಡಲೇಕಾಯಿ. ಆದರೆ ಬಾಯಿ ತುಂಬ ಕಡಲೇಕಾಯಿ ಇಟ್ಟುಕೊಂಡು, ನಾನಲ್ಲ ಅಂದರೆ ಏನು ಕೇಳಿಸುತ್ತೆ? ಎಲ್ಲರೂ ಬೆರಳು ಅದರ ಕಡೆ ತೋರಿಸಿದರು. ನೀನೇ ತಿಂದೆ, ನೀನೇ ತಿಂದೆ ಅಂದರು. ಭೂಮಜ್ಜಿಯೂ ನಂಬಿದಳು, ನಾಳೆ ಪೂರ್ತಿ ಬೇಲಿ ಆಚೆಯೇ ಇರು, ಒಳಗೆ ಕಾಲಿಡಬೇಡ ಅಂದಳು.

ಅಳಿಲು ಹೋಯಿತು. ನಾಲ್ಕು ಹೆಜ್ಜೆ ಓಡಿ, ನಿಂತು, ಯಾರಾದರೂ ವಾಪಸ್ಸು ಕರೀತಾರಾ ಅಂತ ತಿರುಗಿ ನೋಡಿತು. ಯಾರೂ ಕರೆಯಲಿಲ್ಲ. ಇನ್ನು ನಾಲ್ಕು ಹೆಜ್ಜೆ ಓಡಿ ಮತ್ತೆ ತಿರುಗಿ ನೋಡಿತು.

ಬಾಳೆ ಒರಳಿನ ಹಿಂದೆಯೇ ಇದ್ದ. ನಾನು ಅನ್ನೋದು ಎಷ್ಟು ಚಿಕ್ಕ ಮಾತು ನೋಡಿ. ಎರಡೇ ಅಕ್ಷರ. ಅದನ್ನ ಅನ್ನಲಿಲ್ಲ.

ಒಬ್ಬೊಬ್ಬರೇ ಅಮ್ಮಂದಿರು ಬಂದು ಮಕ್ಕಳನ್ನ ಕರಕೊಂಡು ಹೋದರು. ಸಣ್ಣಿ ತನ್ನ ಪ್ರಾಣಿಯನ್ನ ಎತ್ತಿಕೊಂಡು ಮೂಲೆಯ ಕಲ್ಲಿನ ಮೇಲೆ ಕೂತಳು. ಪಪ್ಪಾಯದ ರಸ ಆರ್ತಾ ಇತ್ತು, ಮೂಸಂಬಿ ಕಿವಿ ಬಾಡಿ ಜೋತುಬಿದ್ದಿತ್ತು. ಅವಳು ಅದಕ್ಕೆ ಒಂದು ಮುತ್ತುಗದ ಎಲೆ ಹೊದಿಸಿದಳು. ಅದು ಅವಳ ಪಕ್ಕ ಕೂರಬೇಕಾಗಿತ್ತು, ಈಗ ಅವಳೇ ಅದರ ಪಕ್ಕ ಕೂತಳು.

ಅಮ್ಮ ಬಂದದ್ದು ಅವಳಿಗೆ ಗೊತ್ತಾಗಲಿಲ್ಲ. ಹೆಗಲ ಮೇಲೆ ಕೈ ಬಿದ್ದಾಗ ಬೆಚ್ಚಿಬಿದ್ದಳು.

ಇದನ್ನೆಲ್ಲ ಬಾಳೆ ನೋಡಿದ. ಆಗ ಅವನ ಬಿಳಿಯ ಮೈ ಮೇಲೆ ಎಳ್ಳಿನಷ್ಟು ಒಂದು ಕಪ್ಪು ಚುಕ್ಕಿ ಎದ್ದಿತು.

ಬೆಳಿಗ್ಗೆ ಹೊತ್ತಿಗೆ ಚುಕ್ಕಿ ಹುಣಸೆಬೀಜದಷ್ಟಾಯಿತು. ಬಾಳೆ ಓಡಿ ಹೊಳೆಗೆ ಹೋಗಿ ಮುಳುಗಿ ಎದ್ದ. ಉಜ್ಜಿದ, ಮತ್ತೆ ಮುಳುಗಿದ. ಹೊಳೆ ಸ್ವಲ್ಪ ಹೊತ್ತು ನೋಡಿತು.

"ಮೇಲೆ ಅಂಟಿದ್ದನ್ನ ನಾನು ತೊಳೀತೀನಪ್ಪಾ" ಅಂತು. "ಇದು ಒಳಗಿಂದ ಬರ್ತಿದೆ."

ಸಿಪ್ಪೆ ಹೊದ್ದುಕೊಂಡ. ಸಿಪ್ಪೆಯ ಮೇಲೂ ಚುಕ್ಕಿ ಮೂಡಿತು. ಅಂಗಳಕ್ಕೆ ಬಂದು ಎರಡು ಜೋಕು ಬಿಟ್ಟ, ಎಲ್ಲರೂ ನಕ್ಕರು, ನಕ್ಕಷ್ಟೂ ಕಪ್ಪು ಅಗಲ ಆಯಿತು. ಅತ್ತ ಬುಟ್ಟಿಯಲ್ಲಿ ಸೇಬೂ ಕಂದೋಕೆ ಶುರುವಾಗಿತ್ತು, ಬದನೆಕಾಯಿಯೂ. ಅವು ಏನೂ ಮಾಡಿರಲಿಲ್ಲ. ನೋಡಿ ನಕ್ಕಿದ್ದವು, ಅಷ್ಟೇ.

ಬೇಲಿಯ ಪಕ್ಕ ನಿಂಬೆಕ್ಕ ಇದ್ದಳು. ನಿಂಬೆಕ್ಕನ ಹತ್ತಿರ ಯಾರೂ ಹೆಚ್ಚಿಗೆ ಮಾತಿಗೆ ಹೋಗ್ತಿರಲಿಲ್ಲ, ಅವಳ ಮಾತು ಕೇಳಿದರೆ ಮುಖ ಕಿವಿಚಬೇಕು. ಬಾಳೆ ದಾಟಿ ಹೋಗುವಾಗ ಅವಳು ಮೆಲ್ಲಗೆ ಕರೆದಳು. ನಿನ್ನೆ ನಾನೂ ನೋಡಿದೆ ಕಣೋ ಅಂದಳು.

ಬಾಳೆ ಅವಳ ಹತ್ತಿರ ಸರಿದ. ಹಾಗಾದರೆ ಎಲ್ಲರಿಗೂ ಹೇಳಿಬಿಡಕ್ಕ, ನನ್ನ ಕೈಲಾಗ್ತಿಲ್ಲ ಅಂದ.

"ನಾನು ಹೇಳಿದರೆ ಅದು ಚಾಡಿ" ಅಂದಳು ನಿಂಬೆಕ್ಕ. "ನೀನು ಹೇಳಬೇಕು."

"ಆ ಮಾತು ಹುಳಿ ಅಕ್ಕಾ."

"ಹೂಂ, ಹುಳಿಯೇ. ಏನು, ಸಿಹಿಯಾಗಿರುತ್ತೆ ಅಂದುಕೊಂಡೆಯಾ?"

ಅಂದವಳೇ ತನ್ನನ್ನ ಹಿಂಡಿಕೊಂಡು ನಾಲ್ಕು ಹನಿ ಅವನ ಮೇಲೆ ಬಿಟ್ಟಳು. ಬಾಳೆಯ ಮುಖ ಕಿವಿಚಿತು, ಕಣ್ಣು ತುಂಬಿತು, ಅಂಟಿಕೊಂಡಿದ್ದ ನಾಲಿಗೆ ಬಿಟ್ಟುಕೊಂಡಿತು. ಅದು ಆರೋಕೆ ಮುಂಚೆ ಅವನು ಓಡಿದ.

ಸಣ್ಣಿ ಕಲ್ಲಿನ ಮೇಲೆ ಕೂತಿದ್ದಳು. ಅವತ್ತು ಯಾವ ಹಣ್ಣನ್ನೂ ಮುಟ್ಟಿರಲಿಲ್ಲ. ಬಾಳೆ ಎದುರಿಗೆ ನಿಂತ. ಯಾವತ್ತೂ ಮಾತಿಗೆ ತಡವರಿಸದವನು ತಡವರಿಸಿದ.

"ಸಣ್ಣಿ, ಬಾಲ ಯಾರೂ ತಿನ್ನಲಿಲ್ಲ. ನಾನೇ ಬಚ್ಚಿಟ್ಟುಕೊಂಡಿದ್ದೆ. ನಗ್ತೀಯಾ ಅಂತ."

ಸಣ್ಣಿ ಅವನನ್ನ ಮೇಲಿಂದ ಕೆಳಗೆ ನೋಡಿದಳು. ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು.

"ಆಗಲ್ಲ ಅಂತ ಮೊದಲೇ ಹೇಳಿದ್ದರೆ ನುಗ್ಗೆಕಾಯಿ ಇಡ್ತಿದ್ದೆ" ಅಂದಳು.

ಅಷ್ಟೇ ಅಂದದ್ದು. ಬಾಳೆ ತಲೆ ತಗ್ಗಿಸಿ ನಿಂತ. ಆಮೇಲೆ ಭೂಮಜ್ಜಿಯ ಹತ್ತಿರ ಹೋಗಿ ಅದನ್ನೇ ಹೇಳಿದ. ಬೇಲಿ ದಾಟಿ ಅಳಿಲಿನ ಹತ್ತಿರ ಹೋಗಿ ಅದನ್ನೇ ಹೇಳಿದ. ಮೂರನೇ ಸಲ ಹೇಳುವಾಗಲೂ ಮೊದಲನೇ ಸಲದಷ್ಟೇ ಹುಳಿ ಇತ್ತು. ಅಳಿಲು ಅಂಗಳಕ್ಕೆ ವಾಪಸ್ಸು ಬಂತು. ಆದರೆ ನಾಲ್ಕು ಹೆಜ್ಜೆ ಓಡಿ ತಿರುಗಿ ನೋಡೋ ಅಭ್ಯಾಸ ಅದಕ್ಕೆ ಹೋಗಲೇ ಇಲ್ಲ.

ಬಾಳೆಯ ಮೈ ಮೇಲಿನ ಕಪ್ಪು ಅಲ್ಲಿಗೇ ನಿಂತಿತು. ಮುಂದಕ್ಕೆ ಹರಡಲಿಲ್ಲ. ಆದರೆ ಕಪ್ಪಾಗಿದ್ದಷ್ಟು ಮತ್ತೆ ಬಿಳಿಯಾಗಲೂ ಇಲ್ಲ. ನಿಂಬೆಕ್ಕನ ಕೈಲಿ ಆಗೋದು ಅಷ್ಟೇ.

ಸಣ್ಣಿಯ ಪ್ರಾಣಿ ಮಾತ್ರ ಹುಟ್ಟಲಿಲ್ಲ. ಅವಳು ಅದನ್ನ ಇನ್ನೊಂದು ಸಲ ಮಾಡಲಿಲ್ಲ, ಅದರ ಹೆಸರು ಯಾರಿಗೂ ಹೇಳಲಿಲ್ಲ. ಹಾಗಾಗಿ ಪ್ರಪಂಚದಲ್ಲಿ ಹಾಲು ಕೊಡೋ ಪ್ರಾಣಿ ಇದೆ, ಮನೆ ಕಾಯೋ ಪ್ರಾಣಿ ಇದೆ, ಇಲಿ ಹಿಡಿಯೋ ಪ್ರಾಣಿ ಇದೆ. ಅಮ್ಮ ಗುಡ್ಡದ ಆಚೆ ಇರುವಾಗಲೇ ಬಾಲ ಆಡಿಸಿ ಹೇಳೋ ಪ್ರಾಣಿ ಇಲ್ಲ. ನೀವು ಒಗಟು ಬಿಡಿಸೋಕಾಗದೇ ಇದ್ದದ್ದು ಅದಕ್ಕೇ. ನಿಮ್ಮ ತಪ್ಪಲ್ಲ.

ಆವತ್ತು ಸಂಜೆ ಎಲ್ಲ ಮಕ್ಕಳೂ ಹೋದ ಮೇಲೆ ಬಾಳೆ ಬಂದು ಸಣ್ಣಿಯ ಪಕ್ಕ ಕಲ್ಲಿನ ಮೇಲೆ ಕೂತ. ಜೋಕು ಹೇಳಲಿಲ್ಲ. ನನಗೆ ಗುಡ್ಡದ ಆಚೆಯದು ಕಾಣಲ್ಲ, ಆಡಿಸೋಕೆ ಬಾಲವೂ ಅಲ್ಲ ನಾನು, ಆದರೆ ಅಮ್ಮ ಬರೋತನಕ ಇರ್ತೀನಿ ಅಂದ. ಸಣ್ಣಿ ದಾರಿ ನೋಡ್ತಾನೇ ಇದ್ದಳು. ಸ್ವಲ್ಪ ಹೊತ್ತಾದ ಮೇಲೆ ಒಂಚೂರು ಸರಿದು ಜಾಗ ಕೊಟ್ಟಳು.

ಅದಕ್ಕೇ ಇವತ್ತಿಗೂ ಬಾಳೆಹಣ್ಣು ಕೊಯ್ದಿಟ್ಟರೆ ನೀವು ನೋಡ್ತಿದ್ದ ಹಾಗೇ ಕಪ್ಪಾಗುತ್ತೆ, ನಾಲ್ಕು ಹನಿ ನಿಂಬೆರಸ ಬಿಟ್ಟರೆ ಅಲ್ಲಿಗೇ ನಿಲ್ಲುತ್ತೆ. ಅದಕ್ಕೇ ಹಲ್ಲು ಬಾರದ ಕೂಸಿಗೂ ಬಸ್ಸಿನಲ್ಲಿ ಅಳೋ ಮಗುವಿಗೂ, ಅಮ್ಮ ಬರೋತನಕ ಹಿಡ್ಕೊಂಡಿರು ಅಂತ ಎಲ್ಲರೂ ಮೊದಲು ಕೈಗೆ ಕೊಡೋದು ಬಾಳೆಹಣ್ಣನ್ನೇ.

ಕಥೆ ಮುಗೀತು ಹಂಸಿ.

ಈಗ ಆ ಮಾತು. ಶುಕ್ರವಾರ ಅಂಗನವಾಡಿಯಲ್ಲಿ ಹಣ್ಣಿನ ಪ್ರಾಣಿ ಮಾಡಿಸಿದರಲ್ಲ, ಶೀಲಕ್ಕ ಟೀಚರು ಹಣ್ಣು ಕೊಯ್ಯೋಕೆ ನನ್ನನ್ನ ಕರೆದಿದ್ದರು. ನೀನು ಮಾಡಿದ ಪ್ರಾಣಿಗೆ ಪಪ್ಪಾಯದ ಹೊಟ್ಟೆ, ಮೂಸಂಬಿ ಕಿವಿ, ನೇರಳೆ ಮೂಗು, ಬಾಳೆಹಣ್ಣಿನ ಬಾಲ. ಇದು ಯಾವ ಪ್ರಾಣಿನೇ ಅಂತ ಟೀಚರು ಕೇಳಿದ್ದಕ್ಕೆ, ಆಮೇಲೆ ಅಮ್ಮಂಗೆ ಮಾತ್ರ ಹೇಳ್ತೀನಿ ಅಂದೆ. ಫೋಟೋ ತೆಗೆಯೋಕೆ ಸೂಪರ್‌ವೈಸರ್ ಮೇಡಂ ಒಳಗೆ ಬಂದರು, ಎಲ್ಲರೂ ಬಾಗಿಲ ಕಡೆ ತಿರುಗಿದರು, ನೀನೂ ತಿರುಗಿದೆ. ಮೋಕ್ಷಿತನ ಬಾಯಲ್ಲಿ ಆಗ ಇದ್ದದ್ದು ಅವನದೇ ದ್ರಾಕ್ಷಿ. ಬಾಲ ಇಲ್ಲದ ಪ್ರಾಣಿಯನ್ನ ಫೋಟೋದ ಸಾಲಿನಲ್ಲಿ ಇಡಲಿಲ್ಲ. ಬಾಲ ತಿಂದೆ ಅಂತ ಮೋಕ್ಷಿತನನ್ನ ಮೂಲೇಲಿ ನಿಲ್ಲಿಸಿದರು. ಅವನು ಎರಡು ಸಲ ತಿರುಗಿ ನನ್ನ ಕಡೆ ನೋಡಿದ. ನಾನು ಕೊಯ್ಯೋಕೆ ಹಣ್ಣೇ ಉಳಿದಿರದ ಮಣೆಯ ಮೇಲೆ ಚಾಕು ಆಡಿಸ್ತಾ ಇದ್ದೆ.

ಆವತ್ತು ನಿಮ್ಮಮ್ಮ ಗಾರ್ಮೆಂಟ್ಸಿಂದ ಬರೋದು ಇನ್ನೂ ತಡ ಆಯಿತು. ನೀನು ನಮ್ಮನೆ ಜಗಲಿ ಮೇಲೆ ನನ್ನ ಪಕ್ಕವೇ ಕೂತು, ಮೋಕ್ಷಿ ಕೆಟ್ಟವನು, ನೀನು ಒಳ್ಳೆಯವನು ಅಂದೆ. ನಾನು ಹೂಂ ಅಂದೆ.

ಇನ್ನೊಂದು. ಈ ಕಥೆ ನಮ್ಮಜ್ಜಿ ಹೇಳಿದ್ದು ಅಂತ ನಿನಗೆ ಹೇಳೋಣ ಅಂತಿದ್ದೆ. ಅಜ್ಜಿ ಹೇಳಿದ್ದು ಬಾಳೆ ಕಪ್ಪಾಗೋವರೆಗೆ ಮಾತ್ರ. ಅಲ್ಲಿಗೇ ನಿಲ್ಲಿಸಿ, ಹೋಗಿ ಕೈ ತೊಳಕೋ ಅಂದುಬಿಡ್ತಿದ್ದಳು. ನಿನ್ನ ಪ್ರಾಣಿಯನ್ನೇ ಸಣ್ಣಿಗೆ ಕೊಟ್ಟದ್ದು, ನಿಂಬೆಕ್ಕ, ಅಳಿಲಿನ ಹತ್ತಿರ ಹೋಗಿ ಹೇಳಿದ್ದು, ಸಣ್ಣಿ ಸರಿದು ಜಾಗ ಕೊಟ್ಟದ್ದು, ಅದೆಲ್ಲ ನಾನು ಕಟ್ಟಿದ್ದು. ಕೊನೆ ಹಾಗೆ ಆಗಲಿ ಅಂತ ಕಟ್ಟಿದೆ.

ಬಾಲ ತಿಂದದ್ದು ನಾನು. ಅದನ್ನ ಕಟ್ಟಿಲ್ಲ.